ಸುವಾರ್ತೆಗಳನ್ನು ಮೊದಲು ಬರೆದದ್ದು ಅರಾಮಿಕ್‌ನಲ್ಲೇ?

ಯೇಸುವಿನ ಬದುಕನ್ನು ಹೇಳುವ ಬೈಬಲಿನ ನಾಲ್ಕು ಪುಸ್ತಕಗಳೇ ಸುವಾರ್ತೆಗಳು: ಮತ್ತಾಯ, ಮಾರ್ಕ, ಲೂಕ, ಯೋಹಾನ. ಅವು ನಮಗೆ ಸಿಕ್ಕಿರುವುದು ಗ್ರೀಕ್‌ನಲ್ಲಿ. ಆದರೆ ಮೂಲ ಬರಹ ಹೀಬ್ರೂಗೆ ಹತ್ತಿರದ ಅರಾಮಿಕ್ ಭಾಷೆಯಲ್ಲಿತ್ತು ಅನ್ನುವವರೂ ಇದ್ದಾರೆ.

ಪರ

ಯೇಸು ಗಲಿಲಾಯದವರು, ಅಂದರೆ ಇಂದಿನ ಇಸ್ರೇಲಿನ ಉತ್ತರ ಭಾಗದವರು. ಮನೆಯಲ್ಲಿ, ದಾರಿಯಲ್ಲಿ, ಸರೋವರದ ದಡದಲ್ಲಿ ಅವರು ಆಡಿದ್ದು ಅರಾಮಿಕ್. ಸತ್ತಳೆಂದು ಮನೆಯವರೆಲ್ಲ ಗೋಳಾಡುತ್ತಿದ್ದ 12 ವರ್ಷದ ಹುಡುಗಿಯ ಕೈಹಿಡಿದು "ತಲಿಥಾ ಕೂಮ್" ಅಂದರು, ಅಂದರೆ "ಮಗೂ, ಏಳು". ಮಾರ್ಕ ಆ ಮಾತನ್ನು ಹಾಗೇ ಉಳಿಸಿಕೊಂಡಿದ್ದಾನೆ. ಶಿಲುಬೆಯ ಮೇಲಿನ ಕೂಗೂ ಅದೇ ಭಾಷೆಯದು.

ಪರಲೋಕ ಪ್ರಾರ್ಥನೆಯನ್ನೇ ನೋಡಿ. ಕನ್ನಡದಲ್ಲಿ ನಾವು "ನಮ್ಮ ತಪ್ಪುಗಳನ್ನು ಕ್ಷಮಿಸು" ಅನ್ನುತ್ತೇವೆ. ಆದರೆ ಗ್ರೀಕ್ ಮತ್ತಾಯದಲ್ಲಿರುವುದು "ಸಾಲಗಳನ್ನು", ಲೂಕದಲ್ಲಿ "ಪಾಪಗಳನ್ನು". ಯಾಕೆ ಹೀಗೆ? ಅರಾಮಿಕ್‌ನ 'ಹೋಬಾ' ಅನ್ನುವ ಒಂದೇ ಪದಕ್ಕೆ ಸಾಲ, ಪಾಪ ಎರಡೂ ಅರ್ಥ! ಗ್ರೀಕ್ ಪದರದ ಕೆಳಗೆ ಇನ್ನೊಂದು ಭಾಷೆ ಇದೆ ಅನ್ನುವುದಕ್ಕೆ ಇದಕ್ಕಿಂತ ಸಾಕ್ಷಿ ಬೇಕಾ?

ಮತ್ತಾಯ ಯೇಸುವಿನ ಮಾತುಗಳನ್ನು 'ಹೀಬ್ರೂ ನುಡಿ'ಯಲ್ಲಿ ಬರೆದಿಟ್ಟ ಅಂತ 2ನೇ ಶತಮಾನದ ಬಿಷಪ್ ಪಪಿಯಾಸ್ ಹೇಳಿದ್ದಾನೆ. ಆಗ ಅರಾಮಿಕ್ಕನ್ನೂ ಹೀಬ್ರೂ ಅಂತ ಕರೆಯುತ್ತಿದ್ದರು. 'ಗಬ್ಬಥಾ' ಅನ್ನುವ ಅರಾಮಿಕ್ ಪದವನ್ನು ಯೋಹಾನನ ಸುವಾರ್ತೆಯೇ ಹೀಬ್ರೂ ಅನ್ನುತ್ತದೆ.

ವಿರೋಧ

ಆಡಿದ ಭಾಷೆ ಬೇರೆ, ಬರೆದ ಭಾಷೆ ಬೇರೆ. 'ತಲಿಥಾ ಕೂಮ್' ಬರೆದ ಮರುಕ್ಷಣವೇ ಮಾರ್ಕ ಅದರ ಅರ್ಥ ಬಿಡಿಸುತ್ತಾನೆ. ಓದುವವರು ಅರಾಮಿಕ್ ಬಲ್ಲವರಾಗಿದ್ದರೆ ಅದೆಲ್ಲ ಯಾಕೆ ಬೇಕಿತ್ತು?

ಯೋಹಾನದ 3ನೇ ಅಧ್ಯಾಯ ಇನ್ನೂ ಸ್ಪಷ್ಟ. 'ಆನೋಥೆನ್' ಹುಟ್ಟಬೇಕು ಅಂತ ಯೇಸು ನಿಕೊದೇಮ ಅನ್ನುವ ಯೆಹೂದಿ ನಾಯಕನಿಗೆ ಹೇಳುತ್ತಾರೆ. ಗ್ರೀಕ್‌ನಲ್ಲಿ ಅದಕ್ಕೆ 'ಮೇಲಿನಿಂದ' ಅಂತಲೂ ಅರ್ಥ, 'ಮತ್ತೆ' ಅಂತಲೂ ಅರ್ಥ. ನಿಕೊದೇಮ ಎರಡನೆಯದನ್ನು ಹಿಡಿದುಕೊಂಡು, ಮುದುಕನಾದವನು ತಾಯಿಯ ಹೊಟ್ಟೆಗೆ ಮತ್ತೆ ಹೋಗಿ ಬರೋಕಾಗುತ್ತಾ ಅಂತ ಕೇಳುತ್ತಾನೆ. ಮಾತುಕತೆ ಮುಂದೆ ಸಾಗುವುದೇ ಆ ಗೊಂದಲದ ಮೇಲೆ, ಮತ್ತು ಅದು ಹುಟ್ಟುವುದು ಗ್ರೀಕ್ ಪದದಿಂದ.

ಮತ್ತಾಯ, ಲೂಕ ಎಷ್ಟೋ ಕಡೆ ಮಾರ್ಕನ ಗ್ರೀಕ್ ಜೊತೆ ಪದಕ್ಕೆ ಪದ ಹೊಂದುತ್ತವೆ. ಬೇರೆ ಬೇರೆಯಾಗಿ ಅನುವಾದ ಮಾಡಿದರೆ ಹಾಗಾಗಲ್ಲ, ಅಲ್ವಾ? ಇನ್ನು ಕೇರಳದ ಸುರಿಯಾನಿ ಕ್ರೈಸ್ತರು ಇಂದಿಗೂ ಆದರಿಸುವ ಪೆಶಿತ್ತಾ ಅನ್ನುವ ಸುರಿಯಾನಿ ಬೈಬಲೇ ಮೂಲ ಅನ್ನುವವರಿದ್ದಾರೆ. ಆದರೆ ಅದರ ಸುರಿಯಾನಿ ಎದೆಸ್ಸಾ (ಇಂದಿನ ಟರ್ಕಿಯ ಉರ್ಫಾ) ಕಡೆಯ ಅರಾಮಿಕ್, ಗಲಿಲಾಯದ್ದಲ್ಲ.

'ಹೋಬಾ' ವಿಷಯ ನಿಜವೇ. ಆದರೆ ಪ್ರಾರ್ಥನೆ ಅರಾಮಿಕ್‌ನಲ್ಲಿ ಹುಟ್ಟಿತು ಅನ್ನುವುದಷ್ಟೇ ಅದರಿಂದ ತಿಳಿಯುತ್ತದೆ, ಪುಸ್ತಕದ ಭಾಷೆ ಅಲ್ಲ. ಆರಂಭದ ಕ್ರೈಸ್ತ ಬೋಧಕ ಪೌಲ ಗ್ರೀಕ್ ಊರಾದ ಕೊರಿಂಥಕ್ಕೆ ಗ್ರೀಕ್‌ನಲ್ಲೇ ಪತ್ರ ಬರೆದು, ಕೊನೆಗೆ 'ಮಾರನಾಥಾ' ಅಂತ ಸೇರಿಸಿದ. 'ನಮ್ಮ ಒಡೆಯನೇ, ಬಾ' ಅನ್ನುವ ಆ ಅರಾಮಿಕ್ ಮೊರೆಗೆ ಅವನು ಅರ್ಥ ಕೊಡಲಿಲ್ಲ. ಅಲ್ಲಿನವರಿಗೆ ಅದು ಆಗಲೇ ಬಾಯಿಪಾಠವಾಗಿತ್ತು.