ಅಲೆಯ ಬೆನ್ನು ಹತ್ತಬೇಡಿ, ಒಂದು ಚುಕ್ಕೆಯನ್ನು ಹಿಡಿಯಿರಿ

ಶಬ್ದದಂಥ ನೀಳ ತರಂಗದ, ಅಂದರೆ ಅಲೆ ಸಾಗುವ ದಿಕ್ಕಿನಲ್ಲೇ ಕಣಗಳು ಹಿಂದೆ ಮುಂದೆ ಆಡುವ ಅಲೆಯ, ಅನಿಮೇಷನ್ ತೆರೆದವರಲ್ಲಿ ಹೆಚ್ಚಿನವರು ನೋಡಬೇಕಾದದ್ದನ್ನು ಬಿಟ್ಟು ಬೇರೆಯದನ್ನೇ ನೋಡುತ್ತಾರೆ. ಪರದೆಯ ತುಂಬ ಗಾಳಿಯನ್ನು ಸೂಚಿಸುವ ಚುಕ್ಕೆಗಳು. ಎಡತುದಿಯ ಫಲಕವೊಂದು ಹಿಂದೆ ಮುಂದೆ ಅಲುಗುತ್ತಿದ್ದಂತೆ ಚುಕ್ಕೆಗಳು ಒತ್ತಾಗಿ ಸೇರಿದ ಪಟ್ಟಿಯೊಂದು ಬಲಕ್ಕೆ ಓಡುತ್ತದೆ. ಕಣ್ಣೂ ಅದರ ಹಿಂದೆಯೇ ಓಡುತ್ತದೆ. ಗಾಳಿಯೇ ಬಲಕ್ಕೆ ಹರಿಯುತ್ತಿದೆ ಎಂದು ಮನಸ್ಸು ತೀರ್ಪು ಕೊಟ್ಟುಬಿಡುತ್ತದೆ.

ಬದಲಿಗೆ ಒಂದೇ ಒಂದು ಚುಕ್ಕೆಯ ಮೇಲೆ ಬೆರಳಿಟ್ಟು ನೋಡಿ. ಅದು ತುಸು ಬಲಕ್ಕೆ ಹೋಗಿ ಮರಳುತ್ತದೆ, ತುಸು ಎಡಕ್ಕೆ ಹೋಗಿ ಮರಳುತ್ತದೆ. ಪಕ್ಕದ ಚುಕ್ಕೆಯೂ ಅದನ್ನೇ ಮಾಡುತ್ತದೆ, ಸ್ವಲ್ಪ ತಡವಾಗಿ. ಆ ತಡವೇ ಅಲೆ. ಅಡ್ಡ ತರಂಗದಲ್ಲೂ ಕಥೆ ಇದೇ. ಅಲ್ಲಿ ಚುಕ್ಕೆ ಅಲೆ ಸಾಗುವ ದಿಕ್ಕಿಗೆ ಅಡ್ಡಲಾಗಿ ಆಡುತ್ತದೆ, ಅಷ್ಟೇ.

ಈಗ ಅನಿಮೇಷನ್ ನಿಲ್ಲಿಸಿ. ನಿಲ್ಲಿಸುವ ಗುಂಡಿಯೇ ಇಲ್ಲದ ಅನಿಮೇಷನ್ ಕಲಿಕೆಗೆ ಬಾರದು ಎಂಬುದು ನನ್ನ ಖಚಿತ ಅಭಿಪ್ರಾಯ. ಸಂಪೀಡನದ, ಅಂದರೆ ಚುಕ್ಕೆಗಳು ಒತ್ತಾಗಿ ಸೇರಿದ ಪಟ್ಟಿಯ, ನಟ್ಟನಡುವೆ ಇರುವ ಚುಕ್ಕೆ ತನ್ನ ಮೂಲ ಜಾಗದಿಂದ ಎಷ್ಟು ಸರಿದಿದೆ? ಸ್ವಲ್ಪವೂ ಇಲ್ಲ. ಅದರ ಎಡಗಡೆಯವು ಬಲಕ್ಕೆ ಸರಿದಿವೆ, ಬಲಗಡೆಯವು ಎಡಕ್ಕೆ ಸರಿದಿವೆ. ಅದಕ್ಕೇ ಅಲ್ಲಿ ನೂಕುನುಗ್ಗಲು. ವಿರಳನದ, ಅಂದರೆ ಚುಕ್ಕೆಗಳು ಚದುರಿ ತೆಳುವಾದ ಪಟ್ಟಿಯ, ನಡುವಿನ ಚುಕ್ಕೆಯೂ ಸ್ವಸ್ಥಾನದಲ್ಲೇ ಇರುತ್ತದೆ. ಆದರೆ ಸಂಪೀಡನದ ಚುಕ್ಕೆ ಆ ಕ್ಷಣ ಅತಿ ವೇಗವಾಗಿ ಮುಂದಕ್ಕೆ, ವಿರಳನದ್ದು ಅಷ್ಟೇ ವೇಗವಾಗಿ ಹಿಂದಕ್ಕೆ ಚಲಿಸುತ್ತಿರುತ್ತದೆ. ಅತಿ ಹೆಚ್ಚು ಸರಿದ ಚುಕ್ಕೆಗಳಿರುವಲ್ಲಿ ಸಾಂದ್ರತೆ ಮಾಮೂಲಿಯಾಗಿರುತ್ತದೆ. ಚಲನೆಯನ್ನು ಒಮ್ಮೆಯೂ ನೋಡದೆ, ಬರೀ ನಿಂತ ಚಿತ್ರದಿಂದ ಇದನ್ನು ಊಹಿಸುವುದು ಕಷ್ಟ.

ಚುಕ್ಕೆಗಳ ಕೆಳಗೆ ಹಾವಿನಂತಹ ಗೆರೆ ಎಳೆಯುವವರ ಮೇಲೆ ನನಗೆ ನಿಜಕ್ಕೂ ಸಿಟ್ಟಿದೆ. ಅದು ಒತ್ತಡದ ನಕ್ಷೆಯೋ, ಚುಕ್ಕೆ ಎಷ್ಟು ಸರಿದಿದೆ ಎಂಬ ಸ್ಥಾನಪಲ್ಲಟದ್ದೋ? ಇವೆರಡರ ನಡುವೆ ಕಾಲು ತರಂಗದೂರದ (ಒಂದು ಸಂಪೀಡನದಿಂದ ಮುಂದಿನದಕ್ಕಿರುವ ದೂರದ ಕಾಲುಭಾಗದ) ವ್ಯತ್ಯಾಸವಿದೆ. ಹೆಸರು ಬರೆಯದೆ ಗೆರೆ ಎಳೆದರೆ ಶಬ್ದ ಗಾಳಿಯಲ್ಲಿ ಬಳುಕುತ್ತಾ ಹೋಗುತ್ತದೆ ಎಂದೇ ಮಕ್ಕಳು ನಂಬುತ್ತಾರೆ.

ಅನಿಮೇಷನ್‌ಗಳು ಅಳತೆಯ ವಿಷಯದಲ್ಲಿ ಧಾರಾಳವಾಗಿ ಸುಳ್ಳು ಹೇಳುತ್ತವೆ. ಹೇಳಲೇಬೇಕು, ಇಲ್ಲವಾದರೆ ಏನೂ ಕಾಣುವುದಿಲ್ಲ. 1000 ಹರ್ಟ್ಸ್ ಶಬ್ದದ ತರಂಗದೂರ ಗಾಳಿಯಲ್ಲಿ ಸುಮಾರು 34 ಸೆಂಟಿಮೀಟರ್. ಸಾಮಾನ್ಯ ಮಾತಿನಷ್ಟು ಜೋರಿದ್ದರೆ ಗಾಳಿ ಅತ್ತಿತ್ತ ಸರಿಯುವುದು ಮಿಲಿಮೀಟರಿನ ಲಕ್ಷದಲ್ಲೊಂದು ಪಾಲಿನಷ್ಟು. ಇನ್ನೊಂದು ಸುಳ್ಳು, ಚುಕ್ಕೆಗಳ ಶಿಸ್ತು. ನಿಜವಾದ ಅಣುಗಳು ಶಬ್ದಕ್ಕಿಂತಲೂ ವೇಗವಾಗಿ ದಿಕ್ಕಾಪಾಲಾಗಿ ಓಡಿ ಡಿಕ್ಕಿ ಹೊಡೆಯುತ್ತಲೇ ಇರುತ್ತವೆ. ಪರದೆಯ ಚುಕ್ಕೆಯನ್ನು ಒಂದು ಅಣುವೆಂದಲ್ಲ, ಗಾಳಿಯ ಪುಟ್ಟ ತುಣುಕೆಂದು ತಿಳಿಯಬೇಕು.

ಕೊಲೊರಾಡೊ ವಿಶ್ವವಿದ್ಯಾಲಯದ ಫೆಟ್ (PhET) ಎಂಬ ವಿಜ್ಞಾನ ಕಲಿಕೆಯ ಜಾಲತಾಣದಲ್ಲಿ ಹಗ್ಗದ ಅಲೆಯ ಪ್ರಾತ್ಯಕ್ಷಿಕೆಯೊಂದಿದೆ. ನೊಬೆಲ್ ಪುರಸ್ಕೃತ ಕಾರ್ಲ್ ವೀಮನ್ 2002ರಲ್ಲಿ ಆರಂಭಿಸಿದ ಯೋಜನೆ ಅದು. ಮಣಿಗಳ ಸಾಲಿನಲ್ಲಿ ಅಲ್ಲಲ್ಲಿ ಬೇರೆ ಬಣ್ಣದ ಮಣಿ ಇಟ್ಟಿದ್ದಾರೆ, ವೇಗ ತಗ್ಗಿಸಬಹುದು, ನಿಲ್ಲಿಸಿ ಹೆಜ್ಜೆಹೆಜ್ಜೆಯಾಗಿ ನಡೆಸಬಹುದು. ಮಾಡಿದವರಿಗೆ ಕಲಿಸುವುದು ಗೊತ್ತಿದೆ.

ಗಾಳಿಯೊಳಗೆ ಶಬ್ದ ಅಡ್ಡ ತರಂಗವಾಗಿ ಏಕೆ ಸಾಗದು ಎಂಬುದನ್ನು ಮಾತ್ರ ಯಾರೂ ಸರಿಯಾಗಿ ತೋರಿಸುವುದಿಲ್ಲ. ಹಗ್ಗದ ಮಣಿ ಮೇಲೆದ್ದರೆ ಪಕ್ಕದ ಮಣಿಯನ್ನೂ ಎಳೆದುಕೊಳ್ಳುತ್ತದೆ. ಗಾಳಿಯ ಪದರ ಅಡ್ಡಕ್ಕೆ ಜಾರಿದರೆ ಅದನ್ನು ಹಿಂದಕ್ಕೆಳೆಯುವ ಬಿಗಿ ಪಕ್ಕದ ಪದರಕ್ಕಿಲ್ಲ. ದ್ರವಗಳ ಒಳಗೂ ಹೀಗೆಯೇ. ಭೂಕಂಪದ ಪಿ ಅಲೆ ನೀಳವಾದದ್ದು, ಎಸ್ ಅಲೆ ಅಡ್ಡಲಾದದ್ದು. ಸುಮಾರು 2900 ಕಿಲೋಮೀಟರ್ ಆಳದಲ್ಲಿ ಆರಂಭವಾಗುವ ಭೂಮಿಯ ಹೊರಗರ್ಭವನ್ನು ಎಸ್ ಅಲೆ ದಾಟುವುದಿಲ್ಲ, ಏಕೆಂದರೆ ಅದು ದ್ರವ. ಬೆಳಕಿನ ಅಲೆಯೂ ಅಡ್ಡಲಾದದ್ದೇ. ಆದರೆ ಅಲ್ಲಿ ಮೇಲೆ ಕೆಳಗೆ ಆಡುವ ಕಣವೇ ಇಲ್ಲ. ಬೆಳಕಿನ ಚಿತ್ರದಲ್ಲಿ ಬರೆಯುವ ಬಾಣಗಳ ಉದ್ದ ವಿದ್ಯುತ್ ಹಾಗೂ ಕಾಂತ ಕ್ಷೇತ್ರದ ಪ್ರಬಲತೆಯನ್ನು ಹೇಳುತ್ತದೆ, ಎತ್ತರವನ್ನಲ್ಲ.

ಇನ್ನು ನೀರಿನ ಮೇಲ್ಮೈ ಅಲೆ. ಆಳವಾದ ನೀರಿನಲ್ಲಿ ಒಂದು ಚುಕ್ಕೆಯನ್ನು ಹಿಂಬಾಲಿಸಿದರೆ ಅದು ಹೆಚ್ಚುಕಡಿಮೆ ವೃತ್ತಾಕಾರವಾಗಿ ಸುತ್ತುತ್ತದೆ, ಆಳಕ್ಕೆ ಹೋದಂತೆ ವೃತ್ತ ಕಿರಿದಾಗುತ್ತದೆ. ಇದು ಬರೀ ಅಡ್ಡವೂ ಅಲ್ಲ, ಬರೀ ನೀಳವೂ ಅಲ್ಲ. ಹೀಗಿದ್ದೂ ಅಡ್ಡ ತರಂಗಕ್ಕೆ ಉದಾಹರಣೆ ಕೇಳಿದಾಗ ‘ನೀರಿನ ಅಲೆ’ ಎಂದು ಬರೆದವರಿಗೆ ಪೂರ್ತಿ ಅಂಕ ಸಿಗುತ್ತಲೇ ಇದೆ.