ಜಪ್ತಿಯೇ ಬೇರೆ, ಮುಟ್ಟುಗೋಲೇ ಬೇರೆ

ನಮ್ಮ ಅಪ್ಪನ ಮಾರುತಿ ಕಾರಿಗೆ ಈಗ 17 ವರ್ಷ. ಬೆಂಗಳೂರಿನ ಜಯನಗರದ ಮನೆ ಮುಂದೆ ನಿಂತಿರುತ್ತದೆ. 15 ತುಂಬಿದಾಗ ಅಪ್ಪ ಅದನ್ನು ಆರ್‌ಟಿಒಗೆ ಒಯ್ದರು. ಗಾಡಿ ಪರೀಕ್ಷೆ ಮಾಡಿದರು, ಹಸಿರು ತೆರಿಗೆ ಕಟ್ಟಿಸಿಕೊಂಡರು, ಆರ್‌ಸಿ ಮತ್ತೆ 5 ವರ್ಷಕ್ಕೆ ಬಂತು. ನಾನಿರುವುದು ದೆಹಲಿಯಲ್ಲಿ. ಇದೇ ಕಾರು ಅಲ್ಲಿದ್ದಿದ್ದರೆ ಕ್ರೇನ್ ಬಂದು ಎತ್ತಿಕೊಂಡು ಹೋಗಬಹುದಿತ್ತು.

ದೆಹಲಿಯಲ್ಲಿ ಡೀಸೆಲ್ ಗಾಡಿಗೆ 10 ವರ್ಷ, ಪೆಟ್ರೋಲ್ ಗಾಡಿಗೆ 15. ಹಸಿರು ನ್ಯಾಯಮಂಡಳಿ ಹೇಳಿದ್ದನ್ನು ಸುಪ್ರೀಂ ಕೋರ್ಟ್ 2018ರಲ್ಲಿ ಎತ್ತಿಹಿಡಿಯಿತು. ಹೊಗೆ ಎಷ್ಟು ಬಿಡುತ್ತದೆ ಅಂತ ನೋಡುತ್ತಿರಲಿಲ್ಲ, ವಯಸ್ಸು ನೋಡುತ್ತಿದ್ದರು. ನಮ್ಮ ಬೀದಿಯ ಹಿರಿಯರೊಬ್ಬರ ಕಾರು ವರ್ಷಗಟ್ಟಲೆ ಕದಲದೆ ನಿಂತಿತ್ತು. ಒಂದು ಬೆಳಿಗ್ಗೆ ನೋಡಿದರೆ ಇಲ್ಲ! ಇಂಥವರು ಹೈಕೋರ್ಟಿಗೆ ಹೋದ ಮೇಲೆ, 2023ರಲ್ಲಿ, ದೆಹಲಿ ರಸ್ತೆಗೆ ಇಳಿಸುವುದಿಲ್ಲ ಅಂತ ಬರೆದುಕೊಟ್ಟವರಿಗೆ ಗಾಡಿ ವಾಪಸ್ ಕೊಡಬೇಕು ಎಂದು ಆದೇಶವಾಯಿತು. 2025ರ ಜುಲೈ 1ರಿಂದ ಹಳೆ ಗಾಡಿಗೆ ಬಂಕಿನಲ್ಲಿ ಪೆಟ್ರೋಲೇ ಇಲ್ಲ ಎಂದರು. ಜನ ಸಿಟ್ಟಾದರು, ಕೆಲವೇ ದಿನದಲ್ಲಿ ಅದು ನಿಂತಿತು. ಆಗಸ್ಟಿನಲ್ಲಿ ಸುಪ್ರೀಂ ಕೋರ್ಟ್ ವಯಸ್ಸೊಂದನ್ನೇ ನೋಡಿ ಕ್ರಮ ಬೇಡ ಎಂದಿತು. ಡಿಸೆಂಬರಿನಲ್ಲಿ ಆ ರಕ್ಷಣೆಯನ್ನು ಬಿಎಸ್-4 ಎಂಬ ಹೊಗೆ ಮಾನದಂಡದ ಮತ್ತು ಅದಕ್ಕಿಂತ ಹೊಸ ಮಾನದಂಡದ ಗಾಡಿಗಳಿಗೆ ಮಾತ್ರ ಉಳಿಸಿತು.

ನವೆಂಬರ್ ಬಂದರೆ ನನ್ನ ಮಗಳು ರಾತ್ರಿಯೆಲ್ಲ ಕೆಮ್ಮುತ್ತಾಳೆ. ಹಾಗಾಗಿ ದೆಹಲಿಯ ಗಾಬರಿ ನನಗೆ ಅರ್ಥವಾಗುತ್ತದೆ. ಆದರೂ ನಿಂತ ಗಾಡಿಯನ್ನು ಒಂದು ಮಾತೂ ಕೇಳದೆ ಒಯ್ಯುವುದು ತಪ್ಪು.

1978ರ 44ನೇ ತಿದ್ದುಪಡಿಯಿಂದ ಆಸ್ತಿ ಮೂಲಭೂತ ಹಕ್ಕಾಗಿ ಉಳಿಯಲಿಲ್ಲ, ನಿಜ. ಆದರೆ ಅದೇ ತಿದ್ದುಪಡಿ 300ಎ ವಿಧಿಯನ್ನು ತಂದಿತು. ಕಾನೂನಿನ ಬಲವಿಲ್ಲದೆ ಯಾರ ಆಸ್ತಿಯನ್ನೂ ಕಿತ್ತುಕೊಳ್ಳುವಂತಿಲ್ಲ. ಸ್ಕೂಟರ್ ಕೂಡ ಆಸ್ತಿಯೇ ಅಲ್ವಾ?

ನಾವು ಮಾತಿನಲ್ಲಿ ಜಪ್ತಿ, ಮುಟ್ಟುಗೋಲು ಎರಡನ್ನೂ ಒಂದೇ ಅನ್ನುತ್ತೇವೆ. ಜಪ್ತಿ ಎಂದರೆ ಸದ್ಯಕ್ಕೆ ಹಿಡಿದಿಟ್ಟುಕೊಳ್ಳುವುದು. ಮುಟ್ಟುಗೋಲಾದರೆ ಗಾಡಿ ಸರ್ಕಾರದ್ದೇ ಆಯಿತು. ಮೋಟಾರು ವಾಹನ ಕಾಯ್ದೆಯ 207ನೇ ಸೆಕ್ಷನ್ ಕೊಡುವುದು ಹಿಡಿದಿಡುವ ಅಧಿಕಾರ ಮಾತ್ರ. ನೋಂದಣಿ, ಡಿಎಲ್, ಪರ್ಮಿಟ್ ಇಂಥ ಕಾರಣಕ್ಕೆ. ಕಾಗದ ತೋರಿಸಿ ಬಿಡಿಸಿಕೊಳ್ಳಲು ಅರ್ಜಿ ಹಾಕಬಹುದು. ಡಿಎಲ್ ಇಲ್ಲದ ಕೇಸಿನಲ್ಲಿ ಗಾಡಿಯ ಬದಲು ಆರ್‌ಸಿ ಇಟ್ಟುಕೊಂಡು ರಸೀದಿ ಕೊಡಲೂ ಅವಕಾಶವಿದೆ. ಮುಟ್ಟುಗೋಲು ಹಾಕುವ ಅಧಿಕಾರಕ್ಕೆ ಇನ್ನೂ ಬಿಗಿಯಾದ ಮಿತಿ ಇದೆ. ಬಾಡಿಗೆಗೆ ಕೊಟ್ಟ ನಿಮ್ಮ ಗಾಡಿಯಲ್ಲಿ ಯಾರೋ ಗಾಂಜಾ ಸಾಗಿಸಿದರು ಅಂದುಕೊಳ್ಳಿ. ನಿಮಗೆ ಗೊತ್ತಿರಲಿಲ್ಲ, ಜಾಗ್ರತೆಯನ್ನೂ ವಹಿಸಿದ್ದಿರಿ ಅಂತ ತೋರಿಸಿದರೆ ಮಾದಕ ವಸ್ತು ತಡೆಯುವ ಎನ್‌ಡಿಪಿಎಸ್ ಕಾಯ್ದೆಯಂಥ ಕಟುವಾದ ಕಾನೂನೂ ಗಾಡಿಯನ್ನು ಉಳಿಸುತ್ತದೆ.

ಇಷ್ಟು ಕೇಳಿದರೆ ಬೆಂಗಳೂರೇ ವಾಸಿ ಅನಿಸಬಹುದು. ಗಾಡಿ ಹಿಡಿಯುವ ವಿಷಯದಲ್ಲಿ ಹೌದು. ವಾಪಸ್ ಕೊಡುವ ವಿಷಯದಲ್ಲಿ ನನಗೆ ಬೇಜಾರಿದೆ. ನಮ್ಮೂರಿನ ಎಷ್ಟೋ ಠಾಣೆಗಳ ಮುಂದೆ ಬೈಕುಗಳು ತುಕ್ಕು ಹಿಡಿದು, ಬಳ್ಳಿ ಹಬ್ಬಿ ಬಿದ್ದಿವೆ. ಒಂದೊಂದರ ಹಿಂದೆಯೂ ಒಂದು ಮನೆ ಇದೆ. ಕಳೆದ ವರ್ಷ ತಮ್ಮನ ಸ್ಕೂಟರ್ ಕಳುವಾಯಿತು. ಪೊಲೀಸರು ಬೇಗ ಹುಡುಕಿಕೊಟ್ಟರು, ಅದಕ್ಕೆ ಕೃತಜ್ಞತೆ ಇದೆ. ಆದರೆ ಕಳ್ಳ ಇಟ್ಟುಕೊಂಡಿದ್ದು 9 ದಿನ, ಠಾಣೆಯ ಅಂಗಳದಲ್ಲಿ ನಿಂತಿದ್ದು 5 ತಿಂಗಳು. ಸಾಕ್ಷ್ಯ, ಕೇಸ್ ಮುಗಿಯಲಿ ಅನ್ನುತ್ತಿದ್ದರು. ತಮ್ಮ ಅದನ್ನೇ ನಂಬಿಕೊಂಡು ಸುಮ್ನೆ ಕಾದ.

ಕಾಯಬೇಕಾಗಿರಲಿಲ್ಲ. 2002ರಲ್ಲೇ ಸುಂದರ್‌ಭಾಯಿ ಅಂಬಾಲಾಲ್ ದೇಸಾಯಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಬಿಡಿಸಿ ಹೇಳಿದೆ. ಫೋಟೋ ತೆಗೆಯಿರಿ, ಪಂಚನಾಮೆ ಮಾಡಿ, ಬಾಂಡ್ ಬರೆಸಿಕೊಂಡು ಗಾಡಿ ಕೊಟ್ಟುಬಿಡಿ. 15 ದಿನದಿಂದ ಒಂದು ತಿಂಗಳಿಗಿಂತ ಜಾಸ್ತಿ ಠಾಣೆಯಲ್ಲಿ ಇಡಬೇಡಿ. 2024ರ ಜುಲೈನಲ್ಲಿ ಸಿಆರ್‌ಪಿಸಿ ಬದಲು ಬಂದ ಹೊಸ ನಾಗರಿಕ ಸುರಕ್ಷಾ ಸಂಹಿತೆಯ 497ನೇ ಸೆಕ್ಷನ್ ಕೂಡ ಕೋರ್ಟಿನ ಮುಂದೆ ತಂದ ವಸ್ತುವಿನ ವಿವರ ಪಟ್ಟಿಗೆ 14 ದಿನ, ಪಟ್ಟಿ ಮತ್ತು ಫೋಟೋ ಆದ ಮೇಲೆ ವಿಲೇವಾರಿಯ ಆದೇಶಕ್ಕೆ 30 ದಿನ ಎಂದು ಗಡುವು ಹಾಕಿದೆ.

ಕೊನೆಗೆ ವಕೀಲರೊಬ್ಬರು ಮ್ಯಾಜಿಸ್ಟ್ರೇಟ್ ಮುಂದೆ ಮಧ್ಯಂತರ ಬಿಡುಗಡೆಗೆ, ಅಂದರೆ ಕೇಸ್ ಮುಗಿಯುವ ಮೊದಲೇ ಗಾಡಿ ಕೊಡಿ ಅಂತ, ಅರ್ಜಿ ಹಾಕಿದರು. ನಷ್ಟವಾದರೆ ತುಂಬಿಕೊಡುತ್ತೇನೆ ಎಂಬ ಇಂಡೆಮ್ನಿಟಿ ಬಾಂಡ್, ಒಬ್ಬ ಜಾಮೀನುದಾರ, ಅಷ್ಟೇ. ಸ್ಕೂಟರ್ ಬಂತು, ಬ್ಯಾಟರಿ ಸತ್ತಿತ್ತು. ಅಪ್ಪ ಆ ಅರ್ಜಿಯ ನಕಲನ್ನು ಆರ್‌ಸಿ, ಇನ್ಶೂರೆನ್ಸ್ ಜೊತೆಗೇ ಫೈಲಿನಲ್ಲಿ ಇಟ್ಟಿದ್ದಾರೆ. ಹೋದ ತಿಂಗಳು ಪಕ್ಕದ ಮನೆಯವರು ಬಂದು ಅದರದ್ದೊಂದು ಜೆರಾಕ್ಸ್ ಮಾಡಿಸಿಕೊಂಡು ಹೋದರಂತೆ.