ಮೂರನೆಯ ಒತ್ತಾಯ

ನಮ್ಮ ಶಿರಸಿ ಸೀಮೆಯಲ್ಲಿ ಮನೆಗೆ ಬಂದವರು ಜಗುಲಿಯ ಮೇಲೆ ಕುಳಿತು ಬೆವರು ಒರೆಸಿಕೊಳ್ಳುವಷ್ಟರಲ್ಲಿ, 'ಆಸರಿಗೆ ಎಂತ ಮಾಡಲಿ?' ಎಂಬ ಪ್ರಶ್ನೆ ಒಳಗಿನಿಂದ ಬರುತ್ತದೆ. ಗಂಟಲು ಒಣಗಿ ಕಡ್ಡಿಯಾಗಿದ್ದರೂ ಮೊದಲ ಸಲ 'ಬೇಡ' ಎನ್ನಬೇಕು. ಎರಡನೆಯ ಸಲ 'ಈಗಷ್ಟೇ ಕುಡಿದು ಬಂದೆ' ಎನ್ನಬೇಕು. ಮೂರನೆಯ ಸಲ 'ನಿಮ್ಮ ಒತ್ತಾಯಕ್ಕೆ ಅರ್ಧ ಲೋಟ' ಎಂದು ಶರಣಾಗಬೇಕು. ಆ ಅರ್ಧ ಲೋಟ ತುಂಬಿಯೇ ಬರುತ್ತದೆಂಬುದು ಇಬ್ಬರಿಗೂ ಗೊತ್ತಿರುತ್ತದೆ.

ಕಳೆದ ಆಲೆಮನೆಯ ಹಂಗಾಮಿನಲ್ಲಿ ನೆಂಟರ ಮನೆಗೆ ಹೋದಾಗ ಹಿತ್ತಿಲಲ್ಲಿ ತೊಡದೇವು ಮಾಡುತ್ತಿದ್ದರು. ಕಬ್ಬಿನ ಹಾಲು ಬೆರೆಸಿದ ಅಕ್ಕಿಹಿಟ್ಟಿನಲ್ಲಿ ಕೋಲಿಗೆ ಸುತ್ತಿದ ಬಟ್ಟೆಯನ್ನು ಅದ್ದಿ, ಒಲೆಯ ಮೇಲೆ ಬೋರಲು ಹಾಕಿದ ಮಡಕೆಯ ಬೆನ್ನಿಗೆ ತೊಡೆದರೆ, ನೋಡನೋಡುತ್ತಲೇ ಕಾಗದದಂತಹ ಹಾಳೆ ಏಳುತ್ತದೆ. ಬಿಸಿಯಿರುವಾಗಲೇ ಮಡಚದಿದ್ದರೆ ಪುಡಿಪುಡಿ. ಆ ಪರಿಮಳ ಜಗುಲಿಯವರೆಗೂ ಬಂದಿತ್ತು. ಬೆಂಗಳೂರಿನಿಂದ ಬಂದಿದ್ದ ಆ ಮನೆಯ ಹುಡುಗ ತಟ್ಟೆ ಹಿಡಿದು ಬಂದು 'ತಿನ್ನುತ್ತೀರಾ?' ಎಂದು ಕೇಳಿದ. ಅಭ್ಯಾಸಬಲದಿಂದ 'ಬೇಡಪ್ಪ, ಈಗಷ್ಟೇ ತಿಂಡಿಯಾಯಿತು' ಎಂದೆ.

'ಸರಿ' ಎಂದವನೇ ತಟ್ಟೆಯನ್ನು ಒಳಗೆ ಒಯ್ದುಬಿಟ್ಟ.

ಐವತ್ತು ದಾಟಿದ ಆಯುಷ್ಯದಲ್ಲಿ ನನ್ನ ಮಾತನ್ನು ಇಷ್ಟು ಪೂರ್ತಿಯಾಗಿ ನಂಬಿದವರು ಬೇರೆ ಯಾರೂ ಇರಲಿಲ್ಲ. 'ಈ ವರ್ಷದ ಕಬ್ಬು ಸಿಹಿಯಂತೆ' ಎಂದು ಬಳಸುದಾರಿಯಲ್ಲಿ ವಿಷಯಕ್ಕೆ ಬಂದು ನೋಡಿದೆ. ಅವನು ಮೊಬೈಲಿನಿಂದ ತಲೆಯೆತ್ತದೆ 'ಹೌದಂತೆ' ಎಂದ. ಕೊನೆಗೆ ಕವಳದ ಹರಿವಾಣವನ್ನು ಎಳೆದುಕೊಂಡು, ಸಿಟ್ಟನ್ನೆಲ್ಲ ಅಡಿಕೆಯ ಮೇಲೆ ತೀರಿಸಿಕೊಂಡು, ನಗುನಗುತ್ತಲೇ ಎದ್ದು ಬಂದೆ.

ಅದಾದ ಕೆಲವೇ ದಿನಗಳಲ್ಲಿ ಮಾರಿಕಾಂಬಾ ಜಾತ್ರೆ ಬಂತು. 2 ವರ್ಷಕ್ಕೊಮ್ಮೆ ದೇವಿ ಬಿಡ್ಕಿಬೈಲಿನ ಗದ್ದುಗೆಯಲ್ಲಿ ಕುಳಿತಿರುವಷ್ಟು ದಿನ ಪೇಟೆಯ ಮನೆಗಳೆಲ್ಲ ಛತ್ರಗಳೇ. ಒಂದು ಮಧ್ಯಾಹ್ನ, ಬಂದವರೆಲ್ಲ ಉಂಡು ಹೋಗಿ ಪಾತ್ರೆಯಲ್ಲಿ ನಮ್ಮಿಬ್ಬರಿಗಷ್ಟೇ ಅನ್ನ ಉಳಿದಿದ್ದಾಗ, ಅದೇ ಹುಡುಗ ಇಬ್ಬರು ಗೆಳೆಯರೊಂದಿಗೆ ಬಾಗಿಲಲ್ಲಿ ನಿಂತಿದ್ದ. ಹೊಟ್ಟೆಯೊಳಗೆ ಧಸಕ್ಕೆಂದರೂ, ಮೊದಲ ಸಲ ಯಾರು ತಾನೇ ಒಪ್ಪಿಯಾರು ಎಂಬ ಧೈರ್ಯದಿಂದ, ಮುಖವರಳಿಸಿ 'ಊಟ ಮಾಡಿಕೊಂಡೇ ಹೋಗಬೇಕು' ಎಂದೆ.

'ಸರಿ' ಎಂದ.

ಅಡುಗೆಮನೆಯಲ್ಲಿ ಮಾವಿನಮಿಡಿ ಉಪ್ಪಿನಕಾಯಿಯ ಭರಣಿ ಎಂದಿಗಿಂತ ಜೋರಾಗಿ ಸದ್ದು ಮಾಡಿತು. ಮೂವರಿಗೂ ಬಾಳೆ ಹಾಕಿ, ಅಪ್ಪೆಹುಳಿ ಬಡಿಸಿ, ಕೊನೆಯ ಸೌಟು ಅನ್ನವನ್ನು ಅವನ ಎಲೆಗೇ ಸುರಿದಾಗ ಹುಡುಗ ತಲೆಯೆತ್ತಿ, 'ನೀವು ಕೂರುವುದಿಲ್ಲವೇ?' ಎಂದು ನಿಜವಾದ ಕಾಳಜಿಯಿಂದಲೇ ಕೇಳಿದ.

'ನನಗೇನೂ ಹಸಿವಿಲ್ಲಪ್ಪ' ಎಂದೆ.

ಅದನ್ನೂ ನಂಬಿದ.